ಎಷ್ಟೊತ್ತಿಗೆ ಆತು?

ಅಂಕೋಲಾದಿಂದ ಹುಬ್ಬಳ್ಳಿಗೆ ಹೊರಟ ಬಸ್ಸು ಅರೆಬೈಲು ಘಟ್ಟ ಏರತೊಡಗಿದಾಗ ಚಾಲಕ ಮಾತು ನಿಲ್ಲಿಸಿದ. ಅಲ್ಲಿಯವರೆಗೆ ಕಂಡಕ್ಟರನ ಜೊತೆ ಅಡಿಕೆ ದರದ ಬಗ್ಗೆ ಜೋರಾಗಿ ವಾದ ಹೂಡಿದ್ದವನು ತಿರುವುಗಳು ಶುರುವಾದ ಕೂಡಲೇ ಎರಡೂ ಕೈಯಲ್ಲಿ ಸ್ಟೇರಿಂಗ್ ಹಿಡಿದು ಗಂಭೀರನಾದ. ಎದುರಿನಿಂದ ಸರಕು ಲಾರಿಗಳು ಬ್ರೇಕು ಕಿರುಗುಡಿಸುತ್ತ ಇಳಿಯುತ್ತಿದ್ದವು. 2025ರ ಜನವರಿ 22ರ ಬುಧವಾರ ನಸುಕಿನಲ್ಲಿ, ಸವಣೂರಿನಿಂದ ಕುಮಟಾ ಸಂತೆಗೆ ಕಾಯಿಪಲ್ಲೆ ಹೇರಿಕೊಂಡು ಹೊರಟ ಲಾರಿಯೊಂದು ಈ ಘಟ್ಟದ ಕಡೆಯಲ್ಲೇ ಕಂದಕಕ್ಕೆ ಉರುಳಿತ್ತು. ಮಾಲಿನ ಜೊತೆ ಕೂತಿದ್ದವರು ಸಂತೆ ವ್ಯಾಪಾರಿಗಳು. ಹತ್ತು ಜೀವ ಹೋದವು. ಬದುಕುಳಿದ ಗಾಯಾಳುಗಳನ್ನು ಹುಬ್ಬಳ್ಳಿಯ ಕಿಮ್ಸ್ ಆಸ್ಪತ್ರೆಗೆ ಸಾಗಿಸಿದರು.

ನಾನು ಈ ದಾರಿ ಹಿಡಿದದ್ದು ಅದಕ್ಕಾಗಿಯೇ. ಹುಬ್ಬಳ್ಳಿ-ಧಾರವಾಡದ ದೊಡ್ಡಾಸ್ಪತ್ರೆಗಳ ತುರ್ತು ವಿಭಾಗ ಎಷ್ಟು ಸಜ್ಜಾಗಿರುತ್ತದೆ ಎಂದು ನೋಡುವ ಆಸೆ ಬಹಳ ದಿನಗಳಿಂದ ಇತ್ತು. ವಿದ್ಯಾನಗರದಲ್ಲಿರುವ ಕಿಮ್ಸ್‌ನ ಗೇಟಿನಿಂದ ಒಳಹೊಕ್ಕರೆ ಕಾಣುವುದು ಅರ್ಧ. ಅಲ್ಲಿ ಸ್ಟ್ರೆಚರ್ ಮೇಲೆ ಮಲಗಿದವರು ಯಾವ ಹಾದಿಯಿಂದ ಬಂದರೋ ಅದೇ ಹಾದಿಯಿಂದ ಹೋಗಿ ಆ ಬಾಗಿಲು ಮುಟ್ಟಬೇಕು ಅನ್ನಿಸಿತು.

ಉತ್ತರ ಕನ್ನಡದವರಿಗೆ ಈ ಹಾದಿಯ ಉದ್ದ ಬಾಯಿಪಾಠ. ದೊಡ್ಡ ಪೆಟ್ಟು ಬಿದ್ದರೆ ಕರಾವಳಿಯವರು ಮಣಿಪಾಲಕ್ಕೋ ಗೋವಾದ ಬಾಂಬೋಳಿಗೋ ಓಡುತ್ತಾರೆ, ಘಟ್ಟದ ಮೇಲಿನವರು ಹುಬ್ಬಳ್ಳಿಗೆ ಬರುತ್ತಾರೆ. 2022ರ ಜುಲೈನಲ್ಲಿ ಹೊನ್ನಾವರದಿಂದ ರೋಗಿಯನ್ನು ಕರೆದೊಯ್ಯುತ್ತಿದ್ದ ಆಂಬುಲೆನ್ಸೇ ಬೈಂದೂರು ಬಳಿಯ ಶಿರೂರು ಟೋಲ್‌ಗೇಟಿನಲ್ಲಿ ಮಗುಚಿ ನಾಲ್ವರು ಸತ್ತರು. ಆ ದೃಶ್ಯವನ್ನು ರಾಜ್ಯವೆಲ್ಲ ಮೊಬೈಲಿನಲ್ಲಿ ನೋಡಿತು. ನಮ್ಮ ಜಿಲ್ಲೆಗೊಂದು ಸೂಪರ್ ಸ್ಪೆಷಾಲಿಟಿ ಆಸ್ಪತ್ರೆ ಬೇಕು ಎಂಬ ಕೂಗು ಅಲ್ಲಿಂದ ಇನ್ನಷ್ಟು ಗಟ್ಟಿಯಾಯಿತು. ಆ ಬೇಡಿಕೆ ನ್ಯಾಯವಾದದ್ದು. ಅದು ಈಡೇರುವ ತನಕ ಯಲ್ಲಾಪುರದಿಂದ ಹುಬ್ಬಳ್ಳಿಯವರೆಗಿನ ಸುಮಾರು 70 ಕಿಲೋಮೀಟರ್ ರಸ್ತೆಯೂ ಆಸ್ಪತ್ರೆಯ ಭಾಗವೇ. ಚಿಕಿತ್ಸೆ ಅಲ್ಲಿಯೂ ನಡೆಯಬೇಕು, ಲೆಕ್ಕ ಅಲ್ಲಿಯೂ ಬರೆಯಬೇಕು.

ಯಲ್ಲಾಪುರದಲ್ಲಿ ಇಳಿದು ಚಹಾ ಕುಡಿಯುವಾಗ 108 ಆಂಬುಲೆನ್ಸಿನ ಸಿಬ್ಬಂದಿ ಇಬ್ಬರು ಸಿಕ್ಕರು. 108 ನಮ್ಮ ರಾಜ್ಯದಲ್ಲಿ ಓಡಲಾರಂಭಿಸಿದ್ದು 2008ರಲ್ಲಿ. ಚಾಲಕನನ್ನು ಅವರು ಪೈಲಟ್ ಎನ್ನುತ್ತಾರೆ, ಹಿಂದೆ ರೋಗಿಯ ಜೊತೆ ಕೂರುವವರನ್ನು ಇಎಂಟಿ ಎನ್ನುತ್ತಾರೆ. ಇಎಂಟಿ ಹುಡುಗ ತನ್ನ ಫಾರಮ್ಮುಗಳ ಪುಸ್ತಕ ತೋರಿಸಿದ. ಕರೆ ಬಂದ ಹೊತ್ತು, ಹೊರಟ ಹೊತ್ತು, ಸ್ಥಳ ಮುಟ್ಟಿದ ಹೊತ್ತು, ರೋಗಿಯನ್ನು ಹತ್ತಿಸಿಕೊಂಡ ಹೊತ್ತು, ಆಸ್ಪತ್ರೆ ಸೇರಿದ ಹೊತ್ತು. ಎಲ್ಲದಕ್ಕೂ ಗಂಟೆ, ನಿಮಿಷ.

"ಇದೆಲ್ಲ ನಮ್ಮ ಟೈಮ್ ಸರ್. ಪೇಶಂಟಿಂದು ಬೇರೆ ಇರ್ತದೆ. ಆಕ್ಸಿಡೆಂಟ್ ಆಗಿ ಅರ್ಧ ಗಂಟೆ ಆದ್ಮೇಲೆ ಯಾರೋ ಒಬ್ಬ ಫೋನ್ ಮಾಡ್ತಾನೆ. ಆ ಅರ್ಧ ಗಂಟೆ ನಮ್ಮ ಪುಸ್ತಕದಲ್ಲಿ ಇರೋದೇ ಇಲ್ಲ."

ಅವನು ಹೇಳಿದ್ದು ಆಗ ಪೂರ್ತಿ ತಲೆಗೆ ಇಳಿಯಲಿಲ್ಲ. ಹುಬ್ಬಳ್ಳಿ ಮುಟ್ಟುವ ಹೊತ್ತಿಗೆ ಇಳಿದಿತ್ತು.

ಕಿರವತ್ತಿ ದಾಟುತ್ತಲೇ ಕಾಡು ತೆಳುವಾಗಿ, ಕಲಘಟಗಿಯ ಸುತ್ತ ಭತ್ತ, ಗೋವಿನಜೋಳದ ಹೊಲಗಳು ತೆರೆದುಕೊಳ್ಳುತ್ತವೆ. ಮಳೆಗಾಲದಲ್ಲಿ ಈ ಸೀಮೆಯ ತುರ್ತು ಎಂದರೆ ಹಾವು. ಹಾವು ಕಡಿತವನ್ನು ಕರ್ನಾಟಕ ಸರ್ಕಾರ 2024ರ ಫೆಬ್ರುವರಿಯಲ್ಲಿ ಕಡ್ಡಾಯವಾಗಿ ವರದಿ ಮಾಡಬೇಕಾದ ಕಾಯಿಲೆಗಳ ಪಟ್ಟಿಗೆ ಸೇರಿಸಿತು. ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಈ ನಾಲ್ಕರ ವಿಷಕ್ಕೂ ಸೇರಿ ಒಂದೇ ಔಷಧಿ ನಮ್ಮಲ್ಲಿದೆ. ವಿಷ ಏರಿದ ಲಕ್ಷಣ ಕಂಡರೆ ಮೊದಲ ಸುತ್ತಿಗೇ ಸಾಮಾನ್ಯವಾಗಿ ಹತ್ತು ಬಾಟಲಿ ಕೊಡುತ್ತಾರೆ. ಕೊಡಬೇಕೋ ಬೇಡವೋ ಎಂದು ತೀರ್ಮಾನಿಸಲು ದೊಡ್ಡ ಯಂತ್ರ ಬೇಕಾಗಿಲ್ಲ. ಗ್ರಾಮೀಣ ಭಾಗದ ವೈದ್ಯರೊಬ್ಬರು ಅದನ್ನು ನನಗೆ ಕೈಯಾರೆ ತೋರಿಸಿದ್ದರು. ಸ್ವಚ್ಛವಾದ, ಒಣಗಿದ ಗಾಜಿನ ಪ್ರನಾಳ. ಅದರಲ್ಲಿ ರೋಗಿಯ ರಕ್ತ ಎರಡು ಮಿಲಿ. ಅಲುಗಾಡಿಸದೆ ಇಪ್ಪತ್ತು ನಿಮಿಷ ನೆಟ್ಟಗೆ ನಿಲ್ಲಿಸುವುದು. ಆಮೇಲೆ ಒಂದೇ ಸಲ ವಾಲಿಸುವುದು. ರಕ್ತ ಗಟ್ಟಿಯಾಗಿ ತಳಕ್ಕೆ ಅಂಟಿದ್ದರೆ ಆ ಹೊತ್ತಿಗೆ ಸಮಾಧಾನ, ಪರೀಕ್ಷೆಯನ್ನು ಮತ್ತೆ ಮತ್ತೆ ಮಾಡುತ್ತ ಕಾಯಬೇಕು. ನೀರಿನಂತೆ ಹರಿದರೆ ಮಂಡಲದ ವಿಷ ರಕ್ತಕ್ಕಿಳಿದಿದೆ. ಪ್ಲಾಸ್ಟಿಕ್ ಪ್ರನಾಳ ನಡೆಯುವುದಿಲ್ಲ, ಸೋಪಿನಲ್ಲಿ ತೊಳೆದದ್ದೂ ನಡೆಯುವುದಿಲ್ಲ, ಎರಡರಲ್ಲೂ ಫಲಿತಾಂಶ ಸುಳ್ಳು ಹೇಳುತ್ತದೆ. ನಾಲ್ಕಾರು ರೂಪಾಯಿಯ ಆ ಗಾಜು ನೂರಾರು ರೂಪಾಯಿಯ ಬಾಟಲಿಗಳ ಹಣೆಬರಹ ಬರೆಯುತ್ತದೆ. ಆಸ್ಪತ್ರೆ ಸಜ್ಜಾಗಿದೆಯೇ ಎಂದು ಕೇಳುವವರು ಸ್ಕ್ಯಾನಿಂಗ್ ಯಂತ್ರ ಎಣಿಸುವ ಮೊದಲು ಕಪಾಟಿನಲ್ಲಿ ಹೊಸ ಗಾಜಿನ ಪ್ರನಾಳ ಇದೆಯೇ ಎಂದು ನೋಡಬೇಕು ಎಂಬುದು ನನ್ನ ಅಭಿಪ್ರಾಯ.

ಆ ವೈದ್ಯರು ಹೇಳಿದ ಇನ್ನೊಂದು ಮಾತು: "ಪ್ರನಾಳ ಇಪ್ಪತ್ತು ನಿಮಿಷ ಅಂತ ಹೇಳತೈತಿ. ಕಡದು ಎಷ್ಟೊತ್ತಾತು ಅಂತ ಮಾತ್ರ ಯಾರೂ ಹೇಳೂದಿಲ್ಲ. ಮೊದಲ ಔಷಧಿ ಕೊಡೋರ ಮನೀಗೆ ಹೋಗಿದ್ದನ್ನ ಮುಚ್ಚಿಡತಾರ. ಬೈತೀವಿ ಅಂತ ಹೆದರಿಕಿ." ಬೈಯುವುದನ್ನು ಬಿಟ್ಟ ಮೇಲೆ ಜನ ನಿಜ ಹೊತ್ತು ಹೇಳತೊಡಗಿದರಂತೆ.

ಹುಬ್ಬಳ್ಳಿಗೆ ಬಂದಾಗ ಕತ್ತಲಾಗುತ್ತಿತ್ತು. ಹೊಸೂರು ದಾಟಿ ವಿದ್ಯಾನಗರದತ್ತ ತಿರುಗಿದರೆ ಎಡಬಲ ಎರಡೂ ಕಡೆ ಔಷಧಿ ಅಂಗಡಿ, ಎಳನೀರು, ಚಾಪೆ, ಬಕೆಟ್ಟು, ಪ್ಲಾಸ್ಟಿಕ್ ತಂಬಿಗೆ ಮಾರುವವರು. ದೂರದ ಊರಿನಿಂದ ಉಟ್ಟ ಬಟ್ಟೆಯಲ್ಲಿ ಬಂದವರಿಗೆ ಏನೇನು ಬೇಕೆಂದು ಈ ಅಂಗಡಿಗಳಿಗೆ ಚೆನ್ನಾಗಿ ಗೊತ್ತು. 1957ರಲ್ಲಿ ಕರ್ನಾಟಕ ಮೆಡಿಕಲ್ ಕಾಲೇಜಾಗಿ ಹುಟ್ಟಿ, 1996ರಲ್ಲಿ ಸ್ವಾಯತ್ತ ಸಂಸ್ಥೆಯಾಗಿ ಕಿಮ್ಸ್ ಆದ ಈ ಆಸ್ಪತ್ರೆಗೆ ಈಚೆಗೆ ಕರ್ನಾಟಕ ವೈದ್ಯಕೀಯ ಕಾಲೇಜು ಮತ್ತು ಸಂಶೋಧನಾ ಸಂಸ್ಥೆ ಎಂದು ಹೆಸರಾಗಿದೆ. ಬಸ್ಸಿನವರಿಗೆ ಅದು ಕಿಮ್ಸ್, ವಯಸ್ಸಾದವರಿಗೆ ಇಂದಿಗೂ ಕೆಎಂಸಿ. ಧಾರವಾಡ, ಗದಗ, ಹಾವೇರಿ, ಉತ್ತರ ಕನ್ನಡ, ಬಾಗಲಕೋಟೆ, ಕೊಪ್ಪಳ, ಹೀಗೆ ಉತ್ತರ ಕರ್ನಾಟಕದ ಅರ್ಧದಷ್ಟು ಭಾಗದ ಕೊನೆಯ ಆಸರೆ ಇದು. "ಹುಬ್ಬಳ್ಳಿಗೆ ಒಯ್ರಿ" ಎಂದು ತಾಲ್ಲೂಕಿನ ವೈದ್ಯರು ಹೇಳಿದರೆಂದರೆ ಮನೆಯವರ ಮುಖ ಕಳೆಗುಂದುತ್ತದೆ.

ತುರ್ತು ವಿಭಾಗದ ಬಾಗಿಲಲ್ಲಿ ನಿಂತು ನೋಡಿದವರಿಗೆ ಮೊದಲು ಕಾಣುವುದು ಗದ್ದಲ. ಸ್ವಲ್ಪ ಹೊತ್ತು ಕಳೆದರೆ ಆ ಗದ್ದಲದೊಳಗಿನ ಕ್ರಮ ಕಾಣತೊಡಗುತ್ತದೆ. ಆಂಬುಲೆನ್ಸ್ ಹಿಮ್ಮುಖವಾಗಿ ಬಂದು ನಿಲ್ಲುವಷ್ಟರಲ್ಲಿ ಸ್ಟ್ರೆಚರ್ ಹೊರಗೆ ಬಂದಿರುತ್ತದೆ. ಹೌಸ್‌ಸರ್ಜನ್ ಹುಡುಗಿ ರೋಗಿಯ ಜೊತೆ ಹೆಜ್ಜೆ ಹಾಕುತ್ತಲೇ ಕುತ್ತಿಗೆ, ಉಸಿರು, ನಾಡಿ ನೋಡುತ್ತಾಳೆ. ಉಸಿರಿನ ದಾರಿ, ಉಸಿರು, ರಕ್ತದ ಓಟ: ಗಾಯಾಳುಗಳ ಚಿಕಿತ್ಸೆಯಲ್ಲಿ ಈ ಅನುಕ್ರಮ ಜಗತ್ತಿನೆಲ್ಲೆಡೆ ನೆಲೆಯೂರಿದ್ದಕ್ಕೆ ಒಬ್ಬ ತಂದೆಯ ಸಂಕಟವೂ ಕಾರಣ. 1976ರಲ್ಲಿ ಅಮೆರಿಕದ ನೆಬ್ರಾಸ್ಕಾದಲ್ಲಿ ಜೇಮ್ಸ್ ಸ್ಟೈನರ್ ಎಂಬ ಮೂಳೆ ವೈದ್ಯ ತಾನೇ ನಡೆಸುತ್ತಿದ್ದ ಪುಟ್ಟ ವಿಮಾನ ಹೊಲಕ್ಕೆ ಬಿದ್ದು ಹೆಂಡತಿಯನ್ನು ಕಳೆದುಕೊಂಡ. ಗಾಯಗೊಂಡ ಮಕ್ಕಳನ್ನು ಹತ್ತಿರದ ಸಣ್ಣ ಆಸ್ಪತ್ರೆಗೆ ಒಯ್ದಾಗ ಅಲ್ಲಿ ಯಾರಿಗೂ ಯಾವುದನ್ನು ಮೊದಲು ನೋಡಬೇಕೆಂಬುದು ಗೊತ್ತಿರಲಿಲ್ಲ. ಆ ರಾತ್ರಿಯಿಂದ ಹುಟ್ಟಿದ ತರಬೇತಿ ಇಂದು ನಮ್ಮ ಹುಡುಗ ಹುಡುಗಿಯರ ಕೈಬೆರಳಲ್ಲಿ ಕೆಲಸ ಮಾಡುತ್ತಿದೆ.

ಆದರೆ ನನ್ನನ್ನು ಅಲ್ಲಿ ಹಿಡಿದು ನಿಲ್ಲಿಸಿದ್ದು ಒಬ್ಬ ಹಿರಿಯ ಸಿಸ್ಟರ್. ಹಳ್ಳಿಯಿಂದ ಬಂದ ಒಂದು ಕುಟುಂಬವನ್ನು ಅವರು ಗೋಡೆಯ ಪಕ್ಕಕ್ಕೆ ಕರೆದು ಕೇಳುತ್ತಿದ್ದರು.

"ಎಷ್ಟೊತ್ತಿಗೆ ಆತು?"

"ಆಗಳೇ ಆತ್ರಿ."

"ಆಗಳೇ ಅಂದ್ರ?"

"ವಸ್ತಿ ಬಸ್ ಬರೋ ಹೊತ್ತಿಗ್ರಿ."

"ಬಸ್ ಬಂದ ಮ್ಯಾಲೋ, ಮೊದಲೋ?"

ಮುದುಕಿ ಮಗನ ಮುಖ ನೋಡಿದಳು. ಮಗ ಸೊಸೆಯ ಮುಖ ನೋಡಿದ. ಟಿವಿ ಹಚ್ಚಿತ್ತು ಎಂದಳು ಸೊಸೆ. ಯಾವ ಧಾರಾವಾಹಿ ನಡೆದಿತ್ತು, ಮುಗಿಯಲು ಬಂದಿತ್ತೋ ಶುರುವಾಗಿತ್ತೋ ಎಂದು ಸಿಸ್ಟರ್ ಕೇಳಿದರು. ಆಮೇಲೆ ಕೈ ಚಾಚಿ, "ಫೋನ್ ಕೊಡ್ರಿ ಇಲ್ಲೆ. ಬಿದ್ದ ಕೂಡಲೇ ಮೊದಲ ಯಾರಿಗೆ ಹಚ್ಚಿದ್ರಿ?" ಎಂದರು. ಅಳಿಯನಿಗೆ ಹಚ್ಚಿದ್ದರು. ಫೋನಿನ ಪಟ್ಟಿಯಲ್ಲಿ ಆ ಕರೆ ಇತ್ತು, ಅದರ ಮುಂದೆ ಗಂಟೆಯೂ ಇತ್ತು. ಸಿಸ್ಟರ್ ಅದರಿಂದ ಐದು ನಿಮಿಷ ಕಳೆದು ಕೇಸ್‌ಪೇಪರಿನ ನೆತ್ತಿಯ ಮೇಲೆ ದಪ್ಪ ಅಕ್ಷರದಲ್ಲಿ ಬರೆದರು. ಇದಕ್ಕೆಲ್ಲ ಹಿಡಿದದ್ದು ಒಂದು ನಿಮಿಷವೂ ಇಲ್ಲ. ಅಷ್ಟರಲ್ಲಿ ಒಳಗೆ ರೋಗಿಗೆ ಸೂಜಿ ಚುಚ್ಚಿ ಆಗಿತ್ತು.

ತುರ್ತು ಚಿಕಿತ್ಸೆಯ ಸೂತ್ರಗಳನ್ನೆಲ್ಲ ಒಂದೊಂದಾಗಿ ಬಿಡಿಸಿ ನೋಡಿದರೆ ಈ ಒಂದು ಪ್ರಶ್ನೆಯ ಮೇಲೆ ಅವು ನಿಂತಿವೆ. ಪಾರ್ಶ್ವವಾಯು ಹೊಡೆದವರಿಗೆ ಮಿದುಳಿನ ಹೆಪ್ಪು ಕರಗಿಸುವ ಚುಚ್ಚುಮದ್ದು ಕೊಡಲು ನಾಲ್ಕೂವರೆ ಗಂಟೆಯ ಗಡುವು. ನಿದ್ದೆಯಿಂದ ಎದ್ದಾಗ ಬಾಯಿ ಸೊಟ್ಟಗಾಗಿದ್ದರೆ ಎಣಿಕೆ ಎದ್ದ ಹೊತ್ತಿನಿಂದ ಶುರುವಾಗುವುದಿಲ್ಲ, ಅವರು ಚೆನ್ನಾಗಿದ್ದುದನ್ನು ಯಾರಾದರೂ ಕೊನೆಯ ಸಲ ಕಂಡ ಹೊತ್ತಿನಿಂದ. ಹೃದಯಾಘಾತಕ್ಕೂ ಅಷ್ಟೇ. ಪುನೀತ್ ರಾಜ್‌ಕುಮಾರ್ ಹೆಸರಿನಲ್ಲಿ 2023ರಲ್ಲಿ ಶುರುವಾದ ಹೃದಯ ಜ್ಯೋತಿ ಯೋಜನೆಯಲ್ಲಿ ತಾಲ್ಲೂಕು ಆಸ್ಪತ್ರೆಯಲ್ಲೇ ಇಸಿಜಿ ತೆಗೆದು, ದೊಡ್ಡಾಸ್ಪತ್ರೆಯ ತಜ್ಞರು ಅದನ್ನು ನೋಡಿ ಹೇಳಿದ ಮೇಲೆ ದುಬಾರಿಯ ಟೆನೆಕ್ಟೆಪ್ಲೇಸ್ ಚುಚ್ಚುಮದ್ದನ್ನು ಅಲ್ಲೇ ಉಚಿತವಾಗಿ ಕೊಡುತ್ತಾರೆ. ಹುಬ್ಬಳ್ಳಿಯ ದಾರಿಯಲ್ಲಿ ಕಳೆದುಹೋಗುವ ಒಂದೂವರೆ ಎರಡು ಗಂಟೆಯನ್ನು ಉಳಿಸುವ ಯೋಜನೆ ಅದು. ಇಂಥ ಕೆಲಸಗಳಿಗೆ ಮನಸ್ಸು ತುಂಬಿ ಕೃತಜ್ಞತೆ ಹೇಳಬೇಕು.

ಸುಟ್ಟ ಗಾಯದವರಿಗೆ ಕೊಡುವ ದ್ರವದ ಲೆಕ್ಕವಂತೂ ಹೊತ್ತಿಲ್ಲದೆ ಬಿಡಿಸಲಿಕ್ಕೇ ಬರುವುದಿಲ್ಲ. ಪಾರ್ಕ್‌ಲ್ಯಾಂಡ್ ಸೂತ್ರ ಎಂದು ಅದರ ಹೆಸರು. ರೋಗಿಯ ತೂಕ, ಸುಟ್ಟ ಚರ್ಮದ ಶೇಕಡಾವಾರು, ನಾಲ್ಕು: ಈ ಮೂರನ್ನು ಗುಣಿಸಬೇಕು. 60 ಕಿಲೋ ತೂಕದವನಿಗೆ ಶೇ 40ರಷ್ಟು ಸುಟ್ಟಿದ್ದರೆ 9,600 ಮಿಲಿ ದ್ರವ. ಅದರ ಅರ್ಧ, ಅಂದರೆ 4,800 ಮಿಲಿ, ಮೊದಲ ಎಂಟು ಗಂಟೆಯಲ್ಲಿ ಒಳಗೆ ಹೋಗಬೇಕು. ಈ ಎಂಟು ಗಂಟೆ ಬೆಂಕಿ ತಾಗಿದ ಗಳಿಗೆಯಿಂದ ಎಣಿಸುವಂಥದು, ಆಸ್ಪತ್ರೆಯ ಬಾಗಿಲಿನಿಂದಲ್ಲ. ದಾರಿಯಲ್ಲೇ ಮೂರು ಗಂಟೆ ಕಳೆದಿದ್ದರೆ ಉಳಿದ ಐದು ಗಂಟೆಯಲ್ಲಿ ಅಷ್ಟನ್ನೂ ಇಳಿಸಬೇಕು, ತಾಸಿಗೆ 600 ಮಿಲಿ ಬದಲು 960. ಹೊತ್ತು ತಪ್ಪು ಬರೆದರೆ ಹನಿಯೇ ತಪ್ಪುತ್ತದೆ. 2024ರ ಡಿಸೆಂಬರಿನಲ್ಲಿ ಹುಬ್ಬಳ್ಳಿಯ ಉಣಕಲ್ಲಿನ ಅಚ್ಚವ್ವನ ಕಾಲೊನಿಯಲ್ಲಿ ಅಯ್ಯಪ್ಪ ಮಾಲಾಧಾರಿಗಳು ಮಲಗಿದ್ದಲ್ಲಿ ಅಡುಗೆ ಅನಿಲ ಸೋರಿ ಬೆಂಕಿ ಹತ್ತಿ ಒಂಬತ್ತು ಮಂದಿ ಸುಟ್ಟುಕೊಂಡರು. ಎಲ್ಲರೂ ಬಂದದ್ದು ಇದೇ ಆಸ್ಪತ್ರೆಗೆ. ಕೆಲವೇ ಕಿಲೋಮೀಟರ್ ದೂರ, ಹೊತ್ತೂ ಗೊತ್ತಿತ್ತು. ಆದರೂ ಒಬ್ಬರ ಹಿಂದೆ ಒಬ್ಬರಂತೆ ಎಂಟು ಮಂದಿ ತೀರಿಕೊಂಡರು, ಒಬ್ಬ ಹುಡುಗ ಉಳಿದ. ಎಷ್ಟೇ ಸಜ್ಜಾಗಿದ್ದರೂ ಕೈಮೀರುವ ಗಾಯಗಳಿರುತ್ತವೆ. ಊರಿಗೆ ಊರೇ ಆ ವಾರ ಆಸ್ಪತ್ರೆಯ ಸುದ್ದಿಗಾಗಿ ಕಾದಿತ್ತು.

ಈ ನಾಡಿನ ಇನ್ನೊಂದು ತುರ್ತು ಹೊಲದ ಔಷಧಿ. ಕೀಟನಾಶಕ ಕುಡಿದವರನ್ನು ತಂದಾಗ ಅದರ ವಾಸನೆ ರೋಗಿಗಿಂತ ಮುಂದೆ ಒಳಗೆ ಬರುತ್ತದೆ. ಮೊದಲು ಬಟ್ಟೆ ಬಿಚ್ಚಿ ಮೈ ತೊಳೆಯಬೇಕು, ಏಕೆಂದರೆ ವಿಷ ಚರ್ಮದಿಂದಲೂ ಇಳಿಯುತ್ತದೆ. ಆಮೇಲೆ ಅಟ್ರೋಪಿನ್ ಚುಚ್ಚುಮದ್ದು. ಅದರ ಪುಟ್ಟ ಗಾಜಿನ ಕೊಳವೆಯಲ್ಲಿ ಇರುವುದು 0.6 ಮಿಲಿಗ್ರಾಂ. ಮೊದಲಿಗೆ ಮೂರು ಕೊಳವೆ, ಐದು ನಿಮಿಷಕ್ಕೆ ಎದೆಯ ಗೊರಗೊರ ನಿಲ್ಲದಿದ್ದರೆ ಆರು, ಮತ್ತೆ ಐದು ನಿಮಿಷಕ್ಕೆ ಹನ್ನೆರಡು, ಆಮೇಲೆ ಇಪ್ಪತ್ನಾಲ್ಕು. ಶ್ವಾಸಕೋಶ ಒಣಗುವ ತನಕ ದುಪ್ಪಟ್ಟು ಮಾಡುತ್ತಲೇ ಹೋಗಬೇಕು. ಒಬ್ಬರು ಸ್ಟೆತಸ್ಕೋಪ್ ಹಿಡಿದು ಎದೆಯ ಬಳಿ, ಒಬ್ಬರು ಗಡಿಯಾರದ ಬಳಿ, ಇಬ್ಬರು ಹತ್ತಿ ಸುತ್ತಿದ ಬೆರಳಲ್ಲಿ ಕೊಳವೆಗಳ ಕುತ್ತಿಗೆ ಮುರಿಯುತ್ತ. ಟಕ್ ಟಕ್ ಎಂಬ ಆ ಸದ್ದು, ಟ್ರೇಯಲ್ಲಿ ರಾಶಿ ಬೀಳುವ ಗಾಜು, ಕೆಲವು ಸಲ ಹತ್ತಿ ದಾಟಿ ಬೆರಳು ಕೊಯ್ದ ರಕ್ತ. ಸಂಜೆ ಪಾಳಿಗೆ ಬಂದ ಸಿಸ್ಟರ್ ಮೊದಲು ಎಣಿಸುವುದು ಅಟ್ರೋಪಿನ್ ಪೆಟ್ಟಿಗೆಗಳನ್ನು ಎಂದು ಯಾರೋ ಹೇಳಿದಾಗ ಅದು ನನಗೆ ದೊಡ್ಡ ಮಾತಾಗಿ ಕೇಳಿಸಿತು. ಸಿದ್ಧತೆ ಎಂಬುದು ಗೋಡೆಗೆ ಅಂಟಿಸಿದ ಚಾರ್ಟಿನಲ್ಲಿಲ್ಲ, ಆ ಎಣಿಕೆಯಲ್ಲಿದೆ.

ಇನ್ನು ಚೀಟಿ. ತಾಲ್ಲೂಕುಗಳಿಂದ, ಖಾಸಗಿ ದವಾಖಾನೆಗಳಿಂದ ರೋಗಿಯ ಜೊತೆ ಬರುವ ರೆಫರ್ ಚೀಟಿಗಳನ್ನು ಈ ಪ್ರಯಾಣದಲ್ಲಿ ಅಲ್ಲಲ್ಲಿ ನೋಡಿದೆ. ಕೆಲವು ಅಚ್ಚುಕಟ್ಟು: ಏನು ಕೊಟ್ಟೆವು, ಎಷ್ಟು ಗಂಟೆಗೆ ಕೊಟ್ಟೆವು, ಹೊರಡುವಾಗ ರಕ್ತದೊತ್ತಡ ಎಷ್ಟಿತ್ತು, ಯಾರ ಜೊತೆ ಫೋನಿನಲ್ಲಿ ಮಾತಾಡಿದೆವು. ಇನ್ನು ಕೆಲವುಗಳಲ್ಲಿ ಹೆಸರು, ವಯಸ್ಸು, ಕೆಳಗೆ 'ಹೆಚ್ಚಿನ ಚಿಕಿತ್ಸೆಗಾಗಿ' ಎಂಬ ಒಂದು ಸಾಲು, ಸಹಿ. ಅಟ್ರೋಪಿನ್ ಕೊಟ್ಟಿದ್ದಾರೋ ಇಲ್ಲವೋ, ಹಾವಿನ ಔಷಧಿ ಎಷ್ಟು ಬಾಟಲಿ ಹೋಗಿದೆಯೋ ಏನೂ ಇಲ್ಲ. ಬರೆಯದ ಚೀಟಿ ತಂದ ರೋಗಿಯ ಚಿಕಿತ್ಸೆ ಮತ್ತೆ ಸೊನ್ನೆಯಿಂದ ಶುರುವಾಗಬೇಕು. ಇದರಲ್ಲಿ ಯಂತ್ರದ ಕೊರತೆ ಇಲ್ಲ, ಹಣದ ಕೊರತೆಯೂ ಇಲ್ಲ. ಪೆನ್ನು ಹಿಡಿಯುವ ಅರ್ಧ ನಿಮಿಷದ ಕೊರತೆ. ನನಗೆ ಸಿಟ್ಟು ಬಂತು, ಈಗಲೂ ಇದೆ.

ಕಾನೂನಿನ ಕಡೆಯಿಂದ ದಾರಿ ಸಾಕಷ್ಟು ತೆರೆದಿದೆ. ಪೊಲೀಸ್ ಕೇಸಿನ ಕಾರಣಕ್ಕೆ ಚಿಕಿತ್ಸೆ ತಡೆಯುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1989ರಲ್ಲೇ ಪರಮಾನಂದ ಕಟಾರಾ ಪ್ರಕರಣದಲ್ಲಿ ಹೇಳಿದೆ. ರಸ್ತೆ ಅಪಘಾತದಲ್ಲಿ ದೇಹ ತುಂಡಾಗಿದ್ದರೂ ಕಣ್ಣು ದಾನ ಮಾಡಿ ಎಂದು ಹೇಳಿ ಪ್ರಾಣ ಬಿಟ್ಟ ಗುಬ್ಬಿ ತಾಲ್ಲೂಕಿನ ಹರೀಶ್ ಅವರ ಹೆಸರಿನಲ್ಲಿ 2016ರಲ್ಲಿ ಬಂದ ಸಾಂತ್ವನ ಯೋಜನೆ, ಅಪಘಾತದ ಮೊದಲ 48 ಗಂಟೆಯ ಚಿಕಿತ್ಸೆಗೆ 25 ಸಾವಿರ ರೂಪಾಯಿಯವರೆಗೆ ನೆರವು ಗೊತ್ತು ಮಾಡಿತು. ಗಾಯಾಳುವನ್ನು ತಂದವರನ್ನು ಪೀಡಿಸಬಾರದೆಂಬ ಕಾಯ್ದೆಯನ್ನೂ ಕರ್ನಾಟಕ ಮಾಡಿದೆ. ಆಸ್ಪತ್ರೆಗೆ ಸೇರಿಸಿದವನು ಹೆಸರು ಹೇಳದೆಯೂ ಹೋಗಬಹುದು. ಆದರೆ ಹೋಗುವ ಮುನ್ನ ಹೊತ್ತನ್ನು ಹೇಳಿ ಹೋದರೆ ಅದು ಅರ್ಧ ಚಿಕಿತ್ಸೆ.

ಮರುದಿನ ಬೆಳಿಗ್ಗೆ ಕಿಮ್ಸ್ ನಿಲ್ದಾಣದಲ್ಲಿ, ಅವಳಿ ನಗರದ ನಡುವೆ ಮೀಸಲು ಪಥದಲ್ಲಿ ಓಡುವ ಚಿಗರಿ ಬಸ್ಸು ಹತ್ತಿ ಧಾರವಾಡದತ್ತ ಹೊರಟೆ. ಉಣಕಲ್ಲಿನ ಕೆರೆ, ನವನಗರ, ಪೇರಲ ಹಣ್ಣಿನ ನವಲೂರು. ಸತ್ತೂರಿನ ಎಸ್‌ಡಿಎಂ ಆಸ್ಪತ್ರೆ ಇರುವುದೂ ಈ ರಸ್ತೆಯ ಬದಿಗೇ. ಚಿಗರಿಯ ಮೀಸಲು ಪಥದಲ್ಲಿ ಎದುರಿನಿಂದ ಸೈರನ್ ಹಾಕಿಕೊಂಡು ಆಂಬುಲೆನ್ಸೊಂದು ಹಾದುಹೋಯಿತು, ಪಕ್ಕದ ರಸ್ತೆಯಲ್ಲಿ ವಾಹನಗಳು ಒಂದಕ್ಕೊಂದು ಅಂಟಿ ನಿಂತಿದ್ದವು. ಈ ಪಥ ಕಟ್ಟುವಾಗ ಮರ ಹೋದವು, ಅಂಗಡಿ ಹೋದವು, ಜನ ಬೈದರು. ಆ ಆಂಬುಲೆನ್ಸ್ ಕಂಡಾಗ ಇದೊಂದು ಉಪಯೋಗ ಶಾಶ್ವತವಾಗಿ ಉಳಿಯಲಿ ಎನ್ನಿಸಿತು.

ಧಾರವಾಡದ ಕುಮಾರೇಶ್ವರ ನಗರದಲ್ಲಿ 2019ರ ಮಾರ್ಚ್ 19ರ ಮಧ್ಯಾಹ್ನ ಏನಾಯಿತೆಂದು ಅಲ್ಲಿ ಯಾರನ್ನು ಕೇಳಿದರೂ ಗಂಟೆ ಸಮೇತ ಹೇಳುತ್ತಾರೆ. ಹೋಳಿ ಹುಣ್ಣಿಮೆ ಹತ್ತಿರ ಬಂದಿತ್ತು. ಇನ್ನೂ ಕೆಲಸ ನಡೆದಿದ್ದ ಬಹುಮಹಡಿ ಕಟ್ಟಡದ ಕೆಳಗೆ ಆಗಲೇ ಅಂಗಡಿಗಳು ತೆರೆದಿದ್ದವು. ಕಟ್ಟಡ ಕುಸಿಯಿತು. 19 ಮಂದಿ ಸತ್ತರು. ಹತ್ತಾರು ಜನರನ್ನು ಹೊರಗೆಳೆದು ಜಿಲ್ಲಾಸ್ಪತ್ರೆಗೆ, ಎಸ್‌ಡಿಎಂಗೆ, ಕಿಮ್ಸ್‌ಗೆ ಸೇರಿಸಿದರು. ಎನ್‌ಡಿಆರ್‌ಎಫ್ ದಳ, ಅಗ್ನಿಶಾಮಕ ದಳ, ಪೊಲೀಸರು, ಊರ ಹುಡುಗರು ಹಗಲು ರಾತ್ರಿ ದುಡಿದರು. ಮೂರು ದಿನ ಕಳೆದ ಮೇಲೂ ಉಸಿರಾಡುತ್ತಿದ್ದವರು ಕಾಂಕ್ರೀಟಿನಡಿಯಿಂದ ಬಂದರು.

ಕಲ್ಲಿನಡಿ ಸಿಕ್ಕವರ ಚಿಕಿತ್ಸೆಯಲ್ಲಿ ಎದೆ ನಡುಗಿಸುವ ಒಂದು ಸಂಗತಿ ಇದೆ. ತೊಲೆಯಡಿ ಕಾಲು ಸಿಕ್ಕಿರುವವನು ನಾಲ್ಕಾರು ತಾಸು ಮಾತಾಡುತ್ತಲೇ ಇರಬಹುದು, ನೀರು ಕೇಳಬಹುದು. ತೊಲೆ ಎತ್ತಿದ ಕೆಲವೇ ನಿಮಿಷಗಳಲ್ಲಿ ಅವನ ಹೃದಯ ನಿಲ್ಲಬಹುದು. ನಜ್ಜಾದ ಮಾಂಸಖಂಡದಲ್ಲಿ ಕಟ್ಟಿಕೊಂಡಿದ್ದ ಪೊಟ್ಯಾಸಿಯಂ ಒಮ್ಮೆಲೇ ರಕ್ತಕ್ಕೆ ನುಗ್ಗುತ್ತದೆ. ಅದನ್ನು ದಾಟಿದರೂ ಮಾಂಸದ ಕಣಗಳು ಮೂತ್ರಪಿಂಡದಲ್ಲಿ ಸಿಕ್ಕಿಕೊಂಡು ಮೂತ್ರ ಕಟ್ಟುತ್ತದೆ. ಲಂಡನ್ ಮೇಲೆ ಬಾಂಬು ಬಿದ್ದ ಕಾಲದಲ್ಲಿ, 1941ರಲ್ಲಿ, ಎರಿಕ್ ಬೈವಾಟರ್ಸ್ ಎಂಬ ವೈದ್ಯ ಅವಶೇಷದಡಿಯಿಂದ ತೆಗೆದ ರೋಗಿಗಳಲ್ಲಿ ಇದನ್ನು ಗುರುತಿಸಿ ಬರೆದ. ಅದರಿಂದ ಕಲಿತ ಪಾಠ: ತೊಲೆ ಎತ್ತುವ ಮೊದಲೇ ಸಲೈನ್ ಶುರುವಾಗಬೇಕು, ಪೊಟ್ಯಾಸಿಯಂ ಇರುವ ದ್ರವ ಕೊಡಬಾರದು, ಕಾಲು ಎಷ್ಟು ತಾಸು ಸಿಕ್ಕಿತ್ತೆಂದು ಬರೆದು ಕಳಿಸಬೇಕು, ಆಸ್ಪತ್ರೆಯಲ್ಲಿ ಡಯಾಲಿಸಿಸ್ ಯಂತ್ರ ಕಾದಿರಬೇಕು. 1988ರ ಆರ್ಮೇನಿಯಾ ಭೂಕಂಪದಲ್ಲಿ ಬದುಕಿ ಬಂದ ನೂರಾರು ಜನರಿಗೆ ಡಯಾಲಿಸಿಸ್ ಬೇಕಾದ ಮೇಲೆ, ಮೂತ್ರಪಿಂಡ ತಜ್ಞರು ಅದಕ್ಕೆಂದೇ ಅಂತರರಾಷ್ಟ್ರೀಯ ಪಡೆ ಕಟ್ಟಿದರು. ಎತ್ತುವ ಕ್ರೇನಿನವನಿಗೂ ಸೂಜಿ ಚುಚ್ಚುವ ವೈದ್ಯನಿಗೂ ನಡುವೆ "ತಡೀರಿ, ಇನ್ನೂ ಎತ್ತಬ್ಯಾಡ್ರಿ" ಎಂಬ ಒಂದು ಮಾತು ಓಡಾಡಬೇಕು. ಆ ಮಾತಿಗೆ ಬೆಲೆ ಬರಬೇಕಾದರೆ ಇಬ್ಬರೂ ಮೊದಲೇ, ಏನೂ ಆಗದ ಒಂದು ದಿನ, ಒಟ್ಟಿಗೆ ಅಭ್ಯಾಸ ಮಾಡಿರಬೇಕು.

ಏಕಕಾಲಕ್ಕೆ ಹತ್ತಾರು ಗಾಯಾಳು ಬರುವಾಗ ಇನ್ನೊಂದು ವಿಚಿತ್ರ ನಡೆಯುತ್ತದೆ. ಮೊದಲು ಬರುವವರು ಸಣ್ಣ ಗಾಯದವರು. ಅವರು ನಡೆಯಬಲ್ಲರು, ಆಟೋ ಹತ್ತಬಲ್ಲರು. ಹತ್ತಿರದ ಆಸ್ಪತ್ರೆಯ ಹಾಸಿಗೆಗಳು ಅವರಿಂದ ತುಂಬಿದ ಮೇಲೆ, ಅಡಿಯಲ್ಲಿ ಸಿಕ್ಕಿದ್ದ ನಿಜವಾದ ಜೀವಭಯದವರು ಬರುತ್ತಾರೆ. ಆದ್ದರಿಂದ ವಿಂಗಡಣೆ ಬಾಗಿಲ ಹೊರಗೇ ಆಗಬೇಕು. ನಡೆಯಬಲ್ಲವರಿಗೆಲ್ಲ ಹಸಿರು ಪಟ್ಟಿ, ಬದಿಗೆ ಕೂರಲಿ. ಉಸಿರು ನಿಮಿಷಕ್ಕೆ 30 ದಾಟಿದರೆ, ಮಣಿಕಟ್ಟಿನಲ್ಲಿ ನಾಡಿ ಸಿಗದಿದ್ದರೆ, 'ಕೈ ಎತ್ತು' ಎಂದರೆ ಎತ್ತಲಾಗದಿದ್ದರೆ ಕೆಂಪು. ಉಳಿದವರು ಹಳದಿ. ಬಾಯಿ ತೆರೆದು ದಾರಿ ಮಾಡಿದರೂ ಉಸಿರಾಡದವರು ಕಪ್ಪು. 1983ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ರೂಪಿಸಿದ ಈ ಕ್ರಮಕ್ಕೆ ಒಬ್ಬ ರೋಗಿಗೆ ಒಂದು ನಿಮಿಷ ಸಾಕು. ವಿಂಗಡಿಸುವವರು ಚಿಕಿತ್ಸೆ ಕೊಡುತ್ತ ನಿಲ್ಲಬಾರದು, ಅದು ಅತ್ಯಂತ ಕಷ್ಟದ ನಿಯಮ. ನೆಪೋಲಿಯನ್ನನ ಸೈನ್ಯದ ಶಸ್ತ್ರವೈದ್ಯ ಲ್ಯಾರಿ ಗಾಯ ನೋಡಿ ಸರದಿ ಕೊಟ್ಟ, ಹುದ್ದೆ ನೋಡಲಿಲ್ಲ. ನಮ್ಮಲ್ಲಿ ದೊಡ್ಡ ಅವಘಡವಾದ ಸಂಜೆ ಗಣ್ಯರ ವಾಹನಗಳು ಸಾಲಾಗಿ ಬಂದು ನಿಲ್ಲುವುದು ತುರ್ತು ವಿಭಾಗದ ಬಾಗಿಲಲ್ಲೇ. ಸಾಂತ್ವನಕ್ಕೆ ಮರುದಿನ ಬಂದರೂ ಆಗುತ್ತದೆ. ಮೊದಲ ಆರು ತಾಸು ಆ ಬಾಗಿಲನ್ನು ಸ್ಟ್ರೆಚರಿಗೆ ಬಿಟ್ಟುಕೊಡಬೇಕೆಂಬ ನಿಯಮ ಜಿಲ್ಲಾಡಳಿತದ ವಿಪತ್ತು ಯೋಜನೆಯಲ್ಲಿ ಮೊದಲ ಸಾಲಾಗಬೇಕು.

ಧಾರವಾಡದಿಂದ ನರೇಂದ್ರ ಕ್ರಾಸಿಗೆ ಹೋದೆ. ಹುಬ್ಬಳ್ಳಿಯ ಗಬ್ಬೂರಿನಿಂದ ಇಲ್ಲಿಯವರೆಗೆ ಸುಮಾರು 30 ಕಿಲೋಮೀಟರಿನ ಬೈಪಾಸು ಎರಡು ದಶಕ ಕಾಲ ಎರಡೇ ಪಥದಲ್ಲಿ, ನಡುವೆ ವಿಭಜಕವಿಲ್ಲದೆ, ಪುಣೆ-ಬೆಂಗಳೂರು ಹೆದ್ದಾರಿಯ ಭಾರ ಹೊತ್ತಿತ್ತು. 2021ರ ಜನವರಿ 15ರಂದು, ಸಂಕ್ರಾಂತಿಯ ಮರುದಿನ, ದಾವಣಗೆರೆಯಿಂದ ಗೋವಾಕ್ಕೆ ಹೊರಟಿದ್ದ ಹಳೆಯ ಗೆಳತಿಯರ ವಾಹನ ಇಟಿಗಟ್ಟಿಯ ಬಳಿ ಟಿಪ್ಪರಿಗೆ ಡಿಕ್ಕಿಯಾಗಿ ಹತ್ತಕ್ಕೂ ಹೆಚ್ಚು ಜನ ಸತ್ತರು. ರಸ್ತೆಯನ್ನು ಆರು ಪಥ ಮಾಡುವ ಕೆಲಸಕ್ಕೆ 2022ರಲ್ಲಿ ಅಡಿಗಲ್ಲು ಬಿತ್ತು. ತುರ್ತು ಚಿಕಿತ್ಸೆಯ ಅತ್ಯುತ್ತಮ ಸಿದ್ಧತೆ ಎಂದರೆ ಇಂಥ ರಸ್ತೆಯನ್ನು ಅಗಲ ಮಾಡುವುದು ಎಂದು ಶಸ್ತ್ರವೈದ್ಯರೇ ಹೇಳುತ್ತಾರೆ.

ಕ್ರಾಸಿನ ಹತ್ತಿರದ ಢಾಬಾದಲ್ಲಿ ಊಟ ಮಾಡಿದೆ. ಮಾಲೀಕರು ಈ ರಸ್ತೆಯಿಂದ ಎಷ್ಟೋ ಜನರನ್ನು ಎತ್ತಿ ಕಳಿಸಿದವರು. ಶುರುವಿನಲ್ಲಿ 108ಕ್ಕೆ ಹಚ್ಚಿ "ಬೈಪಾಸಿನ್ಯಾಗ ಆಕ್ಸಿಡೆಂಟ್ ಆಗೇತಿ, ಲಗೂ ಬರ್ರಿ" ಎಂದು ಕೂಗಿ ಇಟ್ಟುಬಿಡುತ್ತಿದ್ದರಂತೆ. ಬೈಪಾಸಿನ ಯಾವ ಕಡೆ ಎಂದು ತಿಳಿಯದೆ ಗಾಡಿ ಹುಡುಕುತ್ತ ಅಲೆಯುತ್ತಿತ್ತು.

"ಈಗ ಮೊದಲ ಹೆದ್ದಾರಿ ಕಲ್ಲಿನ ನಂಬರ್ ಹೇಳತೀವ್ರಿ, ಗಾಡಿ ಯಾವ ಕಡೆ ಮುಖ ಮಾಡಿ ಬಿದ್ದೈತಿ ಹೇಳತೀವಿ, ಎಷ್ಟು ಮಂದಿ, ಯಾರರ ಒಳಗ ಸಿಕ್ಕಾರೇನು ಅಂತ. 1033ಕ್ಕೂ ಹಚ್ಚತೀವಿ, ಅದು ಹೈವೇದವರದು, ಕ್ರೇನ್ ಅವರ ಕಡೆ ಇರತೈತಿ." ಗಲ್ಲಾ ಪೆಟ್ಟಿಗೆಯ ಮೇಲಿದ್ದ ಉದ್ದನೆಯ ನೋಟುಪುಸ್ತಕ ತೆರೆದು ತೋರಿಸಿದರು. ರೊಟ್ಟಿ, ಪಲ್ಲೆಗಳ ಬಾಕಿ ಲೆಕ್ಕದ ನಡುವೆ ಅಲ್ಲಲ್ಲಿ ತಾರೀಖು, ಗಂಟೆ, ಕಲ್ಲಿನ ನಂಬರು, ಕೆಲವು ಕಡೆ ಗಾಡಿಯ ನಂಬರು. ಯಾರಾದರೂ ಹೀಗೆ ಬರೆಯಲು ಹೇಳಿದರೇ ಎಂದು ಕೇಳಿದೆ. ಒಬ್ಬ ಹುಡುಗನನ್ನು ಬಿಡಲು ಅವರೇ ಆಸ್ಪತ್ರೆಗೆ ಹೋಗಿದ್ದಾಗ ಬಾಗಿಲಲ್ಲಿ ಸಿಸ್ಟರ್ ಎಷ್ಟೊತ್ತಿಗೆ ಆತು ಎಂದು ಮೂರು ಸಲ ಕೇಳಿದರಂತೆ. ಅವತ್ತಿನಿಂದ ಪುಸ್ತಕದ ಜೊತೆ ಪೆನ್ನನ್ನೂ ದಾರದಲ್ಲಿ ಕಟ್ಟಿ ಇಟ್ಟಿದ್ದಾರೆ. ರಾತ್ರಿ ಪಾಳಿಯ ಹುಡುಗರಿಗೂ ಕಲಿಸಿದ್ದಾರೆ.